ಗೆಳೆಯನಿಗೊಂದು ಪತ್ರ: ಎರಡು ಪಿಯಾನೋ, ಒಂದು ಆನೆ

ಪ್ರೀತಿಯ ಸೀನ,

ಮೂರು ದಿನದಿಂದ ಮಾರ್ಕ್ ತೈಮನೋವ್ ನನ್ನ ತಲೆಯಲ್ಲೇ ಕೂತಿದ್ದಾನೆ ಕಣೋ. ಚದುರಂಗದಲ್ಲಿ ಕಪ್ಪು ಕಾಯಿ ಸಿಕ್ಕಾಗಲೆಲ್ಲ ನೀನು ಸಿಸಿಲಿಯನ್ ಅನ್ನೋ ಆರಂಭದ ನಡೆಗಳಲ್ಲಿ ತೈಮನೋವ್ ವೇರಿಯೇಷನ್ ಆಡುತ್ತಿದ್ದೆಯಲ್ಲ, ಅದೇ ತೈಮನೋವ್. ಆತ ದೊಡ್ಡ ಪಿಯಾನೋ ವಾದಕ ಅಂತ ನಿನಗೆ ಗೊತ್ತಿತ್ತಾ? 1956ರಲ್ಲಿ ಸ್ಪಾಸ್ಕಿ, ಅವೆರ್ಬಾಖ್ ಇಬ್ಬರನ್ನೂ ಹಿಂದೆ ಹಾಕಿ ಸೋವಿಯತ್ ಚಾಂಪಿಯನ್ ಆದ. ಅದರ ಜೊತೆಗೇ ಹೆಂಡತಿ ಲ್ಯುಬೋವ್ ಬ್ರೂಕ್ ಜೊತೆ ಎರಡು ಪಿಯಾನೋದ ಕಛೇರಿಗಳು. 20ನೇ ಶತಮಾನದ ಮಹಾನ್ ಪಿಯಾನೋ ವಾದಕರು ಅಂತ ಫಿಲಿಪ್ಸ್ ತಂದ ಸಿಡಿ ಸರಣಿಯಲ್ಲಿ ಈ ಜೋಡಿಯೂ ಇದೆ. ರಾತ್ರಿ ಹೆಡ್‌ಫೋನ್ ಹಾಕಿಕೊಂಡು ಕೇಳಿದೆ. ಯಾವ ಸ್ವರ ಯಾರ ಕೈಯದು ಅಂತ ಕೊನೆವರೆಗೂ ತಿಳಿಯಲಿಲ್ಲ.

ಪಿಯಾನೋ ನುಡಿಸುವಾಗ ಚದುರಂಗಕ್ಕೆ ರಜೆ, ಚದುರಂಗ ಆಡುವಾಗ ಪಿಯಾನೋಗೆ ರಜೆ, ಹೀಗೆ ನನ್ನ ಬದುಕೆಲ್ಲ ರಜೆಯೇ ಅನ್ನುತ್ತಿದ್ದನಂತೆ. ಎಂಥ ಪುಣ್ಯವಂತ ಅಲ್ವಾ?

ಆಮೇಲೆ 1971 ಬಂತು. ಕೆನಡಾದ ವ್ಯಾಂಕೂವರ್‌ನಲ್ಲಿ ಅಮೆರಿಕದ ಬಾಬಿ ಫಿಷರ್ ಎದುರು 6-0 ಸೋಲು. ಒಂದು ಡ್ರಾ ಕೂಡ ಇಲ್ಲ. ಐದನೇ ಆಟವನ್ನು ನಾನು ಬೋರ್ಡ್ ಮೇಲೆ ಇಟ್ಟು ನೋಡಿದೆ. 46ನೇ ನಡೆಯಲ್ಲಿ ಇವನ ಆನೆ ಎಫ್6 ಮನೆಗೆ ಹೋಗಿ ಹೊಡೆಯುತ್ತದೆ. ಫಿಷರ್‌ನ ಮಂತ್ರಿ ಡಿ4ಕ್ಕೆ ಬಂದು ಚೆಕ್ ಕೊಡುತ್ತದೆ. ಅಷ್ಟೇ, ಆನೆ ಹೋಯಿತು. ಆ ಆನೆಯನ್ನು ಕೈಯಲ್ಲಿ ಹಿಡಿದುಕೊಂಡು ತುಂಬಾ ಹೊತ್ತು ಸುಮ್ನೆ ಕೂತಿದ್ದೆ.

ಸೋತ ಮೇಲೆ ಆತ ಫಿಷರ್‌ಗೆ ಹೇಳಿದ್ದು, ನನಗೆ ಇನ್ನೂ ನನ್ನ ಸಂಗೀತ ಇದೆ ಅಂತ. ಊರಿಗೆ ಬಂದರೆ ಅದನ್ನೂ ಕಿತ್ತುಕೊಂಡರು. ಕಸ್ಟಮ್ಸ್‌ನಲ್ಲಿ ಅವನ ಪೆಟ್ಟಿಗೆಯೊಳಗೆ, ಸೋವಿಯತ್ ಸರ್ಕಾರಕ್ಕೆ ಆಗದ ಲೇಖಕ ಸೋಲ್ಝೆನಿತ್ಸಿನ್ ಬರೆದ ಪುಸ್ತಕ ಸಿಕ್ಕಿತು. ನೀನು ಚೆನ್ನಾಗಿ ಆಡಿದ್ದರೆ ಆ ಲೇಖಕನ ಪುಸ್ತಕಗಳನ್ನೆಲ್ಲ ನಾನೇ ಹೊತ್ತು ಟ್ಯಾಕ್ಸಿಗೆ ಇಡುತ್ತಿದ್ದೆ ಅಂದನಂತೆ ಅಲ್ಲಿಯ ಅಧಿಕಾರಿ. ಬಿರುದು ಹೋಯಿತು, ವಿದೇಶ ಪ್ರಯಾಣ ನಿಂತಿತು, ಕಛೇರಿಗೂ ತಡೆ ಬಿತ್ತು. ಕೆಲವೇ ವಾರದಲ್ಲಿ ಡೆನ್ಮಾರ್ಕಿನ ಲಾರ್ಸೆನ್‌ಗೂ ಫಿಷರ್ ಅದೇ 6-0 ಕೊಟ್ಟ. ಆದರೂ ತೈಮನೋವ್ ಚದುರಂಗ, ಪಿಯಾನೋ ಎರಡನ್ನೂ ಬಿಡಲಿಲ್ಲ. 90 ವರ್ಷ ಬದುಕಿ 2016ರಲ್ಲಿ ಹೋದ.

'ನನಗೆ ಇನ್ನೂ ಇದೆ' ಅನ್ನೋ ಮಾತು ನನ್ನನ್ನು ಹಿಡಿದುಕೊಂಡಿದೆ ಸೀನ. ಆಫೀಸಿನಲ್ಲಿ ಈ ಸಲ ನನಗೆ ಬರಬೇಕಿದ್ದ ಬಡ್ತಿ ತಪ್ಪಿತು. ಆ ಸಂಜೆ ಮನೆಗೆ ಬಂದು ಅಟ್ಟದಿಂದ ಕೊಳಲಿನ ಪೆಟ್ಟಿಗೆ ಇಳಿಸಿದೆ. ಎಣ್ಣೆ ಕಾಣದ ಬಿದಿರು ಉದ್ದಕ್ಕೆ ಸೀಳಿದೆ. ಕೂದಲೆಳೆಯಷ್ಟು ಗೀರು, ಮೂರನೇ ತೂತಿನವರೆಗೆ. ಊದಿದರೆ ಬರೀ ಗಾಳಿ.

ಟೈಮಿಲ್ಲ ಅಂತ ಬಿಟ್ಟೆ ಅಂದಿದ್ದೆನಲ್ಲ, ಸುಳ್ಳು ಕಣೋ. ವಿದ್ವತ್ ಪರೀಕ್ಷೆಯಲ್ಲಿ ನೀನು ಪಾಸಾದೆ, ನಾನು ಆಗಲಿಲ್ಲ. ನಿನ್ನ ಪಕ್ಕ ಕೂತು ನುಡಿಸಲು ಆಮೇಲೆ ಆಗಲಿಲ್ಲ. ನಿನ್ನ ಕಛೇರಿಗಳಿಗೆ ಬರದೇ ಇದ್ದದ್ದೂ, ಎರಡು ವರ್ಷ ಫೋನ್ ಎತ್ತದೇ ಇದ್ದದ್ದೂ ಅದಕ್ಕೇ. ಇಷ್ಟೆಲ್ಲ ಬರೆಯಬೇಕು ಅಂದುಕೊಂಡಿರಲಿಲ್ಲ.

ಇರಲಿ. ಶನಿವಾರ ಬರ್ತೀನಿ. ಬಿಳಿ ಕಾಯಿ ನನಗಿರಲಿ, ನೀನು ನಿನ್ನ ತೈಮನೋವ್ ಆಡು. ನಿನ್ನ ಹಳೇ ಕೊಳಲೊಂದಕ್ಕೆ ಎಣ್ಣೆ ಸವರಿ ಇಟ್ಟಿರು. ತಿಪಟೂರು ಬಸ್ಸಿನ ವಿಷಯ ಮಾತ್ರ ಅಮ್ಮನ ಎದುರು ಎತ್ತಬೇಡ ಮಾರಾಯ.

ನಿನ್ನ,
ಗುಂಡ