ನಿನ್ನ ಚೀಟಿ ಹಿಡಿದು ಹೋದ ದಿನ

ಪ್ರೀತಿಯ ಪುಟ್ಟಿ,

ಮೈಸೂರಿಗೆ ಬಂದು ಹತ್ತು ದಿನ ಆಯ್ತು. ಮನೆ ಗುಡಿಸಿ, ಒರೆಸಿ, ನಿನಗೆ ಕಳಿಸಬೇಕಾದ ಸಾರಿನ ಪುಡಿಯನ್ನೂ ಮಾಡಿಟ್ಟೆ. ಮನಸ್ಸು ಮಾತ್ರ ಇನ್ನೂ ಜಪಾನಿನ ಒಕಝಾಕಿಯ ನಿನ್ನ ಪುಟ್ಟ ಮನೆಯಲ್ಲೇ ಇದೆ. ಫೋನಿನಲ್ಲಿ ನೀನು "ಆವತ್ತು ಚೆನ್ನಾಗಿತ್ತಾ ಅಮ್ಮ?" ಅಂತ ಕೇಳುತ್ತೀಯ. ನಾನು "ತುಂಬಾ ಚೆನ್ನಾಗಿತ್ತು" ಅನ್ನುತ್ತೇನೆ. ಅಷ್ಟರಲ್ಲಿ ನಿನಗೆ ನಿದ್ದೆ ಬಂದಿರುತ್ತದೆ. ನಾನೂ ಅಪ್ಪನೂ ನಗೋಯಾ, ಇನುಯಾಮ ಸುತ್ತಿ ಬಂದ ಆ ಬುಧವಾರದ ಬಗ್ಗೆ ಅಷ್ಟು ಹೇಳಿದರೆ ಸಾಲದು. ಅದಕ್ಕೇ ಕೂತು ಬರೆಯುತ್ತಿದ್ದೇನೆ.

ರಜೆ ಸಿಗಲಿಲ್ಲ ಅಂತ ನೀನು ಎಷ್ಟು ಪೇಚಾಡಿದೆ! ನಮ್ಮಿಬ್ಬರನ್ನೇ ಕಳಿಸುವಾಗ ಗೈಡ್ ಗೊತ್ತು ಮಾಡಿದೆ, ರೈಲಿನ ಸಮಯ ಬರೆದುಕೊಟ್ಟೆ, ಆಮೇಲೆ ಜಪಾನಿ ಭಾಷೆಯಲ್ಲಿ ಆರು ಸಾಲಿನ ಒಂದು ಚೀಟಿ ಬರೆದು ನನ್ನ ಪರ್ಸಿನಲ್ಲಿಟ್ಟೆ. "ಊಟದ ಹೊತ್ತಿಗೆ ಇದನ್ನ ತೋರಿಸಿ, ಸಾಕು" ಅಂದೆ. ಆ ಚೀಟಿ ವಿಷಯ ಆಮೇಲೆ ಹೇಳುತ್ತೇನೆ.

ನಗೋಯಾದ ಜಿಂಗೂಮಾಯೆ ಸ್ಟೇಷನ್ನಿನಲ್ಲಿ ಗೈಡ್ ನಮಗಾಗಿ ಕಾಯುತ್ತಿದ್ದರು. ನನಗಿಂತ ಎರಡು ಮೂರು ವರ್ಷ ದೊಡ್ಡವರಿರಬಹುದು. ಬೂದು ಕೋಟು, ಕೈಯಲ್ಲಿ ಮಡಚಿದ ಕೊಡೆ. ಇಂಗ್ಲಿಷನ್ನು ನಿಧಾನವಾಗಿ, ಒಂದೊಂದೇ ಪದ ಜೋಡಿಸಿ ಮಾತಾಡುತ್ತಿದ್ದರು. ನನಗೂ ಅದೇ ಹಿತವಾಯಿತು. ಅಲ್ಲಿಂದ ಅತ್ಸುತಾ ದೇವಸ್ಥಾನಕ್ಕೆ ನಾಲ್ಕು ಹೆಜ್ಜೆ. ರಸ್ತೆಯ ಸದ್ದು ಕೇಳುತ್ತಲೇ ಇತ್ತು. ಮರದ ದೊಡ್ಡ ತೋರಣಗಂಬ ದಾಟಿದೆವು ನೋಡು, ಸದ್ದೆಲ್ಲ ಹಿಂದೆ ಉಳಿಯಿತು. ಅದಕ್ಕೆ ತೊರಿಯಿ ಅಂತಾರಂತೆ. ದಾಟುವ ಮೊದಲು ತಲೆ ಬಾಗಿಸಬೇಕು. ದಾರಿಯ ನಡುವೆ ನಡೆಯಬಾರದು, ನಡು ದೇವರಿಗೆ ಬಿಟ್ಟದ್ದು ಅಂದರು. ಅಪ್ಪ ಆಮೇಲೆ ದಿನವಿಡೀ ಎಲ್ಲಾ ದಾರಿಯಲ್ಲೂ ಅಂಚಿನಲ್ಲೇ ನಡೆದರು.

ಕೈ ತೊಳೆಯುವುದಕ್ಕೂ ಅಲ್ಲಿ ಒಂದು ಕ್ರಮ ಇದೆ. ಮೊದಲು ಎಡಗೈ, ಆಮೇಲೆ ಬಲಗೈ, ಆಮೇಲೆ ಬಾಯಿ. ಒಳಗೆ ಹೋದರೆ ಸಾವಿರ ವರ್ಷದ್ದು ಅಂತ ಹೇಳುವ ಒಂದು ಕರ್ಪೂರದ ಮರ. ಅದರ ಹತ್ತಿರ ಕೋಳಿಗಳು ತಮ್ಮ ಪಾಡಿಗೆ ತಾವು ಓಡಾಡಿಕೊಂಡಿದ್ದವು, ಯಾರೂ ಓಡಿಸುವುದಿಲ್ಲ. ದೇವರ ಮುಂದೆ ಎರಡು ಸಲ ಬಾಗಿ, ಎರಡು ಸಲ ಚಪ್ಪಾಳೆ ತಟ್ಟಿ, ಮತ್ತೊಂದು ಸಲ ಬಾಗಿದೆವು.

ನನ್ನನ್ನು ತುಂಬಾ ಕಾಡಿದ ವಿಷಯ ಇನ್ನೊಂದು. ಅಲ್ಲಿ ದೇವರ ಮೂರ್ತಿ ಇಲ್ಲ. ಒಳಗಿರುವುದು ಒಂದು ಕತ್ತಿ, ಕುಸನಾಗಿ. ಚಕ್ರವರ್ತಿಯ ಮೂರು ಪವಿತ್ರ ವಸ್ತುಗಳಲ್ಲಿ ಒಂದು. ಕನ್ನಡಿ ಇಸೆಯಲ್ಲಿದೆ, ಮಣಿ ಟೋಕಿಯೋದ ಅರಮನೆಯಲ್ಲಿದೆ, ಕತ್ತಿ ಇಲ್ಲಿ. ಎಂಟು ತಲೆಯ ಹಾವಿನ ಬಾಲದೊಳಗೆ ಸಿಕ್ಕಿದ್ದಂತೆ. ಆಮೇಲೆ ಯಮಾತೊ ತಕೆರು ಎಂಬ ರಾಜಕುಮಾರನನ್ನು ಶತ್ರುಗಳು ಹುಲ್ಲುಗಾವಲಿನಲ್ಲಿ ಸುತ್ತುಗಟ್ಟಿ ಬೆಂಕಿ ಹಚ್ಚಿದಾಗ, ಅವನು ಇದೇ ಕತ್ತಿಯಿಂದ ಸುತ್ತಲಿನ ಹುಲ್ಲು ಕತ್ತರಿಸಿ ಬದುಕಿಕೊಂಡ. ಅವನು ಸತ್ತ ಮೇಲೆ ಅವನ ಹೆಂಡತಿ ಕತ್ತಿಯನ್ನು ತಂದು ಇಲ್ಲಿಟ್ಟು ಪೂಜಿಸಿದಳು ಅನ್ನುವುದು ಕಥೆ. "ನೀವು ನೋಡಿದ್ದೀರಾ?" ಅಂತ ಗೈಡನ್ನು ಕೇಳಿದೆ. "ಇಲ್ಲ, ಯಾರಿಗೂ ತೋರಿಸುವುದಿಲ್ಲ" ಅಂದರು. ಅಷ್ಟು ಸಮಾಧಾನವಾಗಿ ಹೇಳಿದರು ಪುಟ್ಟಿ! ನಾವು ಬಾಗಿಲು ತೆಗೆದು, ದೀಪ ಎತ್ತಿ ಹಿಡಿದು, ಕಣ್ತುಂಬ ನೋಡಿದ ಮೇಲೇ ದರ್ಶನ ಆಯ್ತು ಅನ್ನುವವರು. ಅಲ್ಲಿ ಜನ ಕಾಣದೇ ಇರುವುದಕ್ಕೆ ಕೈ ಮುಗಿದು, ನೆಮ್ಮದಿಯಾಗಿ ಮನೆಗೆ ಹೋಗುತ್ತಾರೆ. ನಾನು ಕಣ್ಣು ಮುಚ್ಚಿ ನಿಂತೆ. ನಮ್ಮ ಮನೆ ದೇವರೇ ನೆನಪಾದ. ನಿನ್ನ ಹೆಸರು ಹೇಳಿ ಬೇಡಿಕೊಂಡೆ.

ಆವರಣದಲ್ಲೇ ಒಂದು ಹಳೆಯ ಮಣ್ಣಿನ ಗೋಡೆ ಇದೆ. 1560ರಲ್ಲಿ ಓದಾ ನೊಬುನಾಗಾ ಎಂಬ ಸೇನಾನಾಯಕ ತನಗಿಂತ ಎಷ್ಟೋ ಪಟ್ಟು ದೊಡ್ಡ ಸೇನೆಯ ಎದುರು ಹೋಗುವಾಗ ಇಲ್ಲಿ ಪ್ರಾರ್ಥನೆ ಮಾಡಿ ಹೋದನಂತೆ. ಒಕೆಹಝಾಮಾ ಯುದ್ಧ ಗೆದ್ದ. ಹರಕೆ ತೀರಿಸಲು ಈ ಗೋಡೆ ಕಟ್ಟಿಸಿದ. ಮಣ್ಣು, ಸುಣ್ಣ ಎಣ್ಣೆಯಲ್ಲಿ ಕಲಸಿ, ನಡುನಡುವೆ ಹೆಂಚು ಪೇರಿಸಿದ್ದಾರೆ. ಅಪ್ಪ ಅದರ ಮುಂದೆ ಹತ್ತು ನಿಮಿಷ ನಿಂತಿದ್ದರು. ತಾತನ ಊರಿನ ಮನೆಯ ಗೋಡೆ ಹೀಗೇ ಇತ್ತು ಅಂದರು.

ಇನ್ನು ಊಟ. ನಿನಗೆ ಅದರದ್ದೇ ಚಿಂತೆ ಇತ್ತಲ್ವಾ. ದೇವಸ್ಥಾನದ ಸುತ್ತ ಹಾವುಮೀನು ಸುಡುವ ಅಂಗಡಿಗಳಿವೆ. ಹಿತ್ಸುಮಬುಶಿ ಅಂತ ಅಲ್ಲಿನ ಪ್ರಸಿದ್ಧ ಊಟ. ಮರದ ಬೋಗುಣಿಯಲ್ಲಿ ಅನ್ನ, ಮೇಲೆ ಸುಟ್ಟ ಮೀನಿನ ಚೂರು. ನಾಲ್ಕು ಪಾಲು ಮಾಡಿಕೊಂಡು, ಮೊದಲ ಪಾಲು ಹಾಗೇ, ಎರಡನೆಯದಕ್ಕೆ ಈರುಳ್ಳಿ ಸೊಪ್ಪು, ವಸಾಬಿ ಬೆರೆಸಿ, ಮೂರನೆಯದಕ್ಕೆ ಬಿಸಿ ಸಾರು ಸುರಿದು, ನಾಲ್ಕನೆಯದು ಯಾವುದು ಹಿಡಿಸಿತೋ ಹಾಗೆ. ನಾವು ತಿನ್ನುವುದಲ್ಲ, ನಿಜ. ಆದರೆ ಒಂದೇ ಅನ್ನವನ್ನು ಹುಳಿ, ಸಾರು, ಮಜ್ಜಿಗೆ ಅಂತ ಸರದಿಯಲ್ಲಿ ಉಣ್ಣುವ ನಮಗೆ ಅದು ಚೆನ್ನಾಗಿ ಅರ್ಥವಾಯಿತು. ಗೈಡಿಗೂ ಅದನ್ನೇ ಹೇಳಿದೆ. ಮಜ್ಜಿಗೆ ಅನ್ನ ಅಂದರೆ ಏನು, ಹೇಗೆ ಮಾಡುತ್ತೀರಿ ಅಂತ ಕೇಳಿ ಪುಸ್ತಕದಲ್ಲಿ ಬರೆದುಕೊಂಡರು.

ನಮ್ಮನ್ನು ಅವರು ಕರೆದುಕೊಂಡು ಹೋದದ್ದು ಒಂದು ಚಿಕ್ಕ ಅಂಗಡಿಗೆ. ಅಲ್ಲಿ ಕಿಶಿಮೆನ್, ಅಂದರೆ ಗೋಧಿ ಹಿಟ್ಟಿನ ಅಗಲವಾದ, ತೆಳ್ಳನೆಯ ಪಟ್ಟಿಯಂಥ ಶಾವಿಗೆ. ಅದರ ಸಾರಿಗೆ ಒಣಮೀನು ಬಿದ್ದೇ ಬೀಳುತ್ತದೆ. ನೀನು ಹೇಳುತ್ತಿದ್ದೆಯಲ್ಲ, "ತರಕಾರಿ ಮಾತ್ರ" ಅಂದರೂ ಅಲ್ಲಿ ಸಾರಿನಲ್ಲಿ ಮೀನು ಇರುತ್ತದೆ, ಅವರಿಗೆ ಅದು ಮೀನು ಅನ್ನಿಸುವುದೇ ಇಲ್ಲ ಅಂತ. ನಾನು ನಿನ್ನ ಚೀಟಿ ಕೊಟ್ಟೆ. ಗೈಡ್ ಓದಿದರು. ಅಂಗಡಿಯ ಅಜ್ಜ ಕನ್ನಡಕ ಹಾಕಿಕೊಂಡು ಎರಡು ಸಲ ಓದಿದರು. ಇಬ್ಬರೂ ಏನೋ ಮಾತಾಡಿಕೊಂಡರು. ಸಾರಿಲ್ಲದೆ, ಬರೀ ಬೆಂದ ಶಾವಿಗೆಗೆ ಸೋಯಾ ಸಾಸು, ತುರಿದ ಮೂಲಂಗಿ, ಶುಂಠಿ, ಎಳ್ಳು ಹಾಕಿ ತಂದಿಟ್ಟರು. ತಂದವರು ಅಲ್ಲೇ ನಿಂತರು, ನಾವು ಮೊದಲ ತುತ್ತು ತಿನ್ನುವವರೆಗೆ. ಎಷ್ಟು ರುಚಿಯಾಗಿತ್ತು ಗೊತ್ತಾ! ಹಸಿದಿದ್ದೆವು ಅಂತ ಹೇಳುತ್ತಿಲ್ಲ. ಅಷ್ಟು ನಯವಾದ ಶಾವಿಗೆ ನಾನು ತಿಂದೇ ಇಲ್ಲ.

ಮಧ್ಯಾಹ್ನ ರೈಲಿನಲ್ಲಿ ಇನುಯಾಮದ ಕೋಟೆ ನೋಡಲು ಹೋದೆವು. ನಗೋಯಾ ಕೋಟೆಗೇ ಹೋಗೋಣ ಅಂತ ಅಪ್ಪ ಕೇಳಿದ್ದರು. ಅಲ್ಲಿನ ಹಳೆಯ ಗೋಪುರ 1945ರ ಬಾಂಬ್ ದಾಳಿಯಲ್ಲಿ ಸುಟ್ಟುಹೋಯಿತು, 1959ರಲ್ಲಿ ಕಾಂಕ್ರೀಟಿನಲ್ಲಿ ಮತ್ತೆ ಕಟ್ಟಿದರು, ಭೂಕಂಪಕ್ಕೆ ತಡೆಯುವುದಿಲ್ಲ ಅಂತ 2018ರಿಂದ ಅದರೊಳಗೆ ಬಿಡುತ್ತಿಲ್ಲ ಅಂತ ಗೈಡ್ ವಿವರಿಸಿದರು. ನಮ್ಮ ಮೈಸೂರಿನ ಹಳೆಯ ಮರದ ಅರಮನೆಯೂ 1897ರಲ್ಲಿ ಸುಟ್ಟುಹೋಗಿತ್ತು ಅಂತ ಅಪ್ಪ ಅವರಿಗೆ ಹೇಳಿದರು. ಇನುಯಾಮದ್ದು ಸುಟ್ಟಿಲ್ಲ. ಹಳೆಯ ಗೋಪುರ ಉಳಿದಿರುವ ಕೋಟೆಗಳು ಜಪಾನಿನಲ್ಲಿ ಹನ್ನೆರಡೇ. ಅದರಲ್ಲಿ ಐದಕ್ಕೆ ರಾಷ್ಟ್ರದ ನಿಧಿ ಅನ್ನುವ ಪಟ್ಟ. ಅವುಗಳಲ್ಲಿ ಇದೂ ಒಂದು.

ಕೋಟೆಯ ಬುಡದಲ್ಲಿ ಇನಾರಿಯ ಗುಡಿ. ಕೆಂಪು ತೊರಿಯಿಗಳ ಸಾಲು, ಕಲ್ಲಿನ ನರಿಗಳು. ಇನಾರಿ ಭತ್ತದ ದೇವರು, ನರಿ ಅವನ ದೂತ. ಅಪ್ಪನಿಗೆ ಮಂಡಿನೋವು, ಅಲ್ಲೇ ಬೆಂಚಿನ ಮೇಲೆ ಕೂತರು. ನಾನು ಹತ್ತಿದೆ ಪುಟ್ಟಿ.

ಚಪ್ಪಲಿ ಬಿಚ್ಚಿ ಚೀಲದಲ್ಲಿ ಹಾಕಿಕೊಂಡು ಒಳಗೆ ಹೋಗಬೇಕು. ಒಳಗಿನ ಮೆಟ್ಟಿಲು ಅಂದರೆ ಅಟ್ಟದ ಏಣಿಯೇ. ಸೆರಗು ಸೊಂಟಕ್ಕೆ ಸಿಕ್ಕಿಸಿ, ಕಂಬಿ ಹಿಡಿದು ಹತ್ತಿದೆ. ಗೈಡ್ ನನ್ನ ಹಿಂದೆಯೇ, ಬಿದ್ದರೆ ಹಿಡಿಯುವ ಹಾಗೆ, ಹತ್ತುತ್ತಿದ್ದರು. ಕಾಲಿನ ಕೆಳಗೆ ಹಲಗೆ ತಣ್ಣಗೆ, ನುಣ್ಣಗೆ. ಆ ಮರಗಳನ್ನು ಕಡಿದದ್ದು 1580ರ ದಶಕದಲ್ಲಿ ಅಂತ ಮರದ ಉಂಗುರಗಳನ್ನು ಎಣಿಸಿ ಹೇಳಿದ್ದಾರಂತೆ. ಕೋಟೆಯ ಜಾಗವಂತೂ 1537ರಿಂದ ಇದೆ. ಮೇಲಿನ ಮಹಡಿಯಲ್ಲಿ ನಾಲ್ಕೂ ಕಡೆ ಹೊರಗೆ ಓಡಾಡುವ ಜಗಲಿ. ಕಟಕಟೆ ಗಿಡ್ಡ. ಕೆಳಗೆ ನೇರವಾಗಿ ಕಿಸೊ ನದಿ. ಗೋಡೆಗೆ ಬೆನ್ನು ಕೊಟ್ಟುಕೊಂಡೇ ಒಂದು ಸುತ್ತು ಬಂದೆ. ಗಾಳಿ ಬೀಸುತ್ತಿತ್ತು. ನೀನು ಪಕ್ಕದಲ್ಲಿದ್ದಿದ್ದರೆ ಅನ್ನಿಸಿ ಕಣ್ಣು ತುಂಬಿತು.

ಗೈಡ್ ಅಲ್ಲೇ ನಿಂತು ಆ ಕೋಟೆಯ ಕಥೆ ಹೇಳಿದರು. 1617ರಲ್ಲಿ ಅದು ನರುಸೆ ಮನೆತನಕ್ಕೆ ಬಂತು. ಮೆಯ್ಜಿ ಚಕ್ರವರ್ತಿಯ ಕಾಲದಲ್ಲಿ ಸರ್ಕಾರ ತೆಗೆದುಕೊಂಡಿತು. 1891ರಲ್ಲಿ ದೊಡ್ಡ ಭೂಕಂಪವಾಗಿ ಗೋಪುರ ಜಖಂ ಆಯಿತು. ರಿಪೇರಿ ಮಾಡಿಸಿಕೊಳ್ಳುವುದಾದರೆ ನಿಮಗೇ ಕೊಡುತ್ತೇವೆ ಅಂತ 1895ರಲ್ಲಿ ಅದೇ ಮನೆತನಕ್ಕೆ ವಾಪಸ್ ಕೊಟ್ಟರು. ಅವರು, ಊರಿನವರು ಸೇರಿ ದುಡ್ಡು ಕೂಡಿಸಿ ನಿಲ್ಲಿಸಿದರು. 2004ರವರೆಗೆ ಅದು ಒಂದು ಮನೆಯವರ ಸ್ವಂತ ಆಸ್ತಿ! ಆಮೇಲೆ ಒಂದು ಸಂಸ್ಥೆಗೆ ಒಪ್ಪಿಸಿದರು. ಆ ಸಂಸ್ಥೆಯ ಹೊಣೆ ಹೊತ್ತದ್ದು ಕೊನೆಯ ಒಡೆಯರ ಮಗಳು. ಗಾಳಿ ಮಳೆ ಬಂದ ರಾತ್ರಿ ಆ ಮನೆಯವರಿಗೆ ನಿದ್ದೆ ಬರುತ್ತಿತ್ತೋ ಇಲ್ಲವೋ ಅಂತ ನಾನು ಇಳಿಯುವವರೆಗೂ ಯೋಚಿಸುತ್ತಿದ್ದೆ.

ಕೆಳಗೆ ಹಳೆಯ ಪೇಟೆ ಬೀದಿ. ಅಲ್ಲೇ ತೇರುಗಳ ಮ್ಯೂಸಿಯಂ ಇದೆ. ಏಪ್ರಿಲ್ ಮೊದಲ ಶನಿವಾರ, ಭಾನುವಾರ ಅಲ್ಲಿ ಜಾತ್ರೆಯಂತೆ. 1635ರಿಂದ ನಡೆಯುತ್ತಿದೆ. ಮೂರು ಅಂತಸ್ತಿನ ಹದಿಮೂರು ತೇರು, ಒಂದೊಂದರ ಮೇಲೂ ಸೂತ್ರದ ಗೊಂಬೆಯಾಟ, ರಾತ್ರಿ ಒಂದೊಂದು ತೇರಿಗೂ 365 ಕಾಗದದ ದೀಪ. ನಂಜನಗೂಡಿನ ತೇರಿಗೆ ನಿನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ಹೋಗುತ್ತಿದ್ದದ್ದನ್ನು ಅಪ್ಪ ನೆನೆಸಿಕೊಂಡರು.

ಆ ಬೀದಿಯಲ್ಲಿ ದೆಂಗಾಕು ತಿಂದೆವು. ತೋಫುವನ್ನು ಕಡ್ಡಿಗೆ ಚುಚ್ಚಿ, ಕೆಂಡದ ಮೇಲೆ ಸುಟ್ಟು, ಕಪ್ಪುಗೆಂಪು ಸಿಹಿ ಮಿಸೊ, ಅಂದರೆ ಸೋಯಾ ಕಾಳು ಹುದುಗಿಸಿ ಮಾಡಿದ ಗೊಜ್ಜು, ಸವರಿ ಕೊಡುತ್ತಾರೆ. ಮತ್ತೆ ಚೀಟಿ ತೋರಿಸಿದೆವು, ಮತ್ತೆ ಓದಿದರು, ಇದರಲ್ಲಿ ಮೀನಿಲ್ಲ, ತಿನ್ನಿ ಅಂದರು. ಅನ್ನ ಕುಟ್ಟಿ, ಅಂಟಿಸಿ, ಅಕ್ರೋಟಿನ ಮಸಾಲೆ ಸವರಿ ಸುಟ್ಟ ಗೊಹೆಯಿ ಮೋಚಿಯನ್ನೂ ತಿಂದೆವು. ಆ ಮಿಸೊ ಎಲ್ಲಿಯದು ಅಂತ ಕೇಳಿದರೆ, ಗೈಡ್ ನಗುತ್ತಾ "ನಿಮ್ಮ ಮಗಳ ಊರಿನದು" ಅಂದರು!

ಪುಟ್ಟಿ, ಇದು ನಿನಗೆ ಗೊತ್ತಿತ್ತಾ? ಮುಂದೆ ಇಡೀ ಜಪಾನನ್ನು ಆಳಿದ ಟೊಕುಗಾವಾ ಇಯೆಯಾಸು 1543ರಲ್ಲಿ ಹುಟ್ಟಿದ್ದು ನಿನ್ನ ಒಕಝಾಕಿ ಕೋಟೆಯಲ್ಲಿ. ಆ ಕೋಟೆಯಿಂದ ಪಡುವಣಕ್ಕೆ ಎಂಟು ಚೋ, ಅಂದರೆ ಸುಮಾರು 870 ಮೀಟರ್ ದೂರದ ಹಳ್ಳಿಯಲ್ಲಿ ಮಾಡುವ ಮಿಸೊ, ಅದಕ್ಕೇ ಹಾಚ್ಚೊ ಮಿಸೊ. ಹಾಕುವುದು ಸೋಯಾ ಕಾಳು, ಉಪ್ಪು, ನೀರು, ಅಷ್ಟೇ. ಮನುಷ್ಯರಿಗಿಂತ ಎತ್ತರದ ಮರದ ಪೀಪಾಯಿಗೆ 6 ಟನ್ ತುಂಬಿ, ಮೇಲೆ 3 ಟನ್ ನದಿಯ ಕಲ್ಲನ್ನು ಗೋಪುರದ ಹಾಗೆ ಕೈಯಲ್ಲೇ ಪೇರಿಸುತ್ತಾರೆ. ಎರಡು ಬೇಸಿಗೆ, ಎರಡು ಚಳಿಗಾಲ ಕಾಯುತ್ತಾರೆ. ಭೂಕಂಪ ಬಂದರೂ ಕುಸಿಯದ ಹಾಗೆ ಪೇರಿಸುವುದನ್ನು ಕಲಿಯಲು ವರ್ಷಗಳೇ ಬೇಕಂತೆ. ಉಪ್ಪಿನಕಾಯಿ ಜಾಡಿಯ ಮೇಲೆ ನಮ್ಮಜ್ಜಿ ಗುಂಡುಕಲ್ಲು ಇಡುತ್ತಿದ್ದದ್ದು ನೆನಪಾಯಿತು.

ಮೂರು ವರ್ಷದಿಂದ ನೀನು ಅದರ ಪಕ್ಕದಲ್ಲೇ ಇದ್ದೀಯ. ಆಫೀಸು, ಮನೆ, ಮಧ್ಯೆ ಅಂಗಡಿಯಿಂದ ತಂದ ತಣ್ಣನೆಯ ಅನ್ನದ ಉಂಡೆ. ನಿನ್ನ ಫ್ರಿಜ್ ನೋಡಿ ನಾನು ಏನೂ ಅನ್ನಲಿಲ್ಲ, ಮನಸ್ಸಿಗೆ ಮಾತ್ರ ತುಂಬಾ ಸಂಕಟವಾಯಿತು. ನಮಗೆ ಇಷ್ಟೆಲ್ಲ ತೋರಿಸಿದವಳು ನೀನೇ, ನೀನೇ ನೋಡಿಲ್ಲ. ಏಪ್ರಿಲ್ ಜಾತ್ರೆ ಶನಿವಾರ, ಭಾನುವಾರವೇ ಬರುತ್ತದೆ, ರಜೆ ಕೇಳಬೇಕಾಗಿಲ್ಲ. ಆ ಗೈಡಿಗೆ ಈಗಲೇ ಫೋನ್ ಮಾಡು. ಒಬ್ಬಳೇ ಓಡಿ ಹೋಗಿ ಫೋಟೋ ತೆಗೆದು ಬರಬೇಡ. ಅವರ ಜೊತೆ ನಿಧಾನವಾಗಿ ನಡಿ. ದೆಂಗಾಕು ಎರಡು ಕಡ್ಡಿ ಜಾಸ್ತಿ ತಿನ್ನು.

ಚೀಟಿ ನನ್ನ ಹತ್ತಿರವೇ ಇದೆ. ಎರಡು ಕಡೆ ಮಡಿಸಿ ಮಡಿಸಿ ಅಂಚು ಸವೆದಿದೆ, ಮಿಸೊದ ಕಲೆಯೂ ಆಗಿದೆ. ದೇವರ ಮನೆಯಲ್ಲಿ ಪಂಚಾಂಗದ ಒಳಗಿಟ್ಟಿದ್ದೇನೆ. ನಿನಗೆ ಸ್ಲೇಟಿನ ಮೇಲೆ ಕೈ ಹಿಡಿದು ಅ, ಆ ತಿದ್ದಿಸಿದವಳು ನಾನು. ಈಗ ನಿನ್ನ ಅಕ್ಷರ ನನಗೆ ಓದಲು ಬರುವುದಿಲ್ಲ. ಆದರೆ ಅಷ್ಟು ಜನ ಅದನ್ನು ಓದಿ ನಮಗೆ ಊಟ ಕೊಟ್ಟರು. "ನಿಮ್ಮ ಮಗಳ ಕೈಬರಹ ತುಂಬಾ ಚೆನ್ನಾಗಿದೆ" ಅಂತ ಗೈಡ್ ಅಂದಾಗ ಅಪ್ಪನ ಮುಖ ನೀನು ನೋಡಬೇಕಿತ್ತು.

ಐದು ಸಾಲಿನ ಅರ್ಥ ಅವರು ಹೇಳಿದರು. ಮಾಂಸ ಬೇಡ, ಮೀನು ಬೇಡ, ಮೊಟ್ಟೆ ಬೇಡ, ಮೀನಿನ ಸಾರೂ ಬೇಡ, ತೊಂದರೆ ಕೊಟ್ಟದ್ದಕ್ಕೆ ಕ್ಷಮಿಸಿ. ಆರನೆಯ ಸಾಲು ಓದಿ ಸುಮ್ನೆ ನನ್ನ ಕೈ ಹಿಡಿದುಕೊಂಡರು, ಹೇಳಲಿಲ್ಲ. ಭಾನುವಾರ ಫೋನ್ ಮಾಡಿದಾಗ ಆ ಸಾಲನ್ನು ನನಗೆ ಓದಿ ಹೇಳು.

ನಿನ್ನ
ಅಮ್ಮ