ಪಿಟ್‌ಬುಲ್‌ಗೆ ಸಲ್ಲಬೇಕಾದ ಥ್ಯಾಂಕ್ಸ್

2015 ಮತ್ತು 2016ರಲ್ಲಿ ಬೆನ್ನುಬೆನ್ನಿಗೆ ದಕ್ಷಿಣ ಅಮೆರಿಕದ ಫುಟ್‌ಬಾಲ್ ಕಪ್ ಕೋಪಾ ಅಮೆರಿಕ ಗೆದ್ದ ಚಿಲಿ ಎಂದರೆ ಮೊದಲು ಬಾಯಿಗೆ ಬರುವುದು ಅಲೆಕ್ಸಿಸ್ ಸ್ಯಾಂಚೆಜ್, ವಿಡಾಲ್, ಬ್ರಾವೊ. ಅವರಿಗೂ, ಅಂಚಿನುದ್ದಕ್ಕೂ ಓಡಿದ ಇಸ್ಲಾ, ಬೊಸೆಜೂರ್, ಮೆನಾಗೂ, ಹಾರಾ ಮತ್ತು ಫ್ರಾನ್ಸಿಸ್ಕೊ ಸಿಲ್ವಾಗೂ ವಂದನೆ. ಉಳಿದದ್ದೆಲ್ಲ ‘ಪಿಟ್‌ಬುಲ್’ ಎಂದೇ ಹೆಸರಾದ ಡಿಫೆಂಡರ್ ಗ್ಯಾರಿ ಮೆಡೆಲ್‌ಗೆ. 2009ರಲ್ಲಿ ಬಿಟ್ಟು ಹೊರಟಿದ್ದ ಚಿಲಿಯ ಕ್ಲಬ್ ಯೂನಿವರ್ಸಿದಾದ್ ಕತೋಲಿಕಾಗೆ 2025ರಲ್ಲಿ, 37ರ ವಯಸ್ಸಿನಲ್ಲಿ ಅವರು ಮರಳಿದ್ದಾರೆ. ಈಗಲ್ಲದೆ ಇನ್ಯಾವಾಗ ಹೇಳುವುದು?

ಗೋಲಿನ ಮುಂದೆ ನಡುವೆ ಕಾವಲು ನಿಲ್ಲುವ ಸೆಂಟರ್ ಬ್ಯಾಕ್‌ನ ಎತ್ತರ ಬರೀ 1.71 ಮೀಟರ್ ಎಂದರೆ ಯಾರಾದರೂ ಹುಬ್ಬೇರಿಸುತ್ತಾರೆ. ಮೆಡೆಲ್ ಉದ್ದನೆಯ ಸ್ಟ್ರೈಕರ್ ಜೊತೆ ನೆಗೆತದ ಪೈಪೋಟಿಗೆ ಇಳಿಯುವವರೇ ಅಲ್ಲ. ಚೆಂಡು ಇನ್ನೂ ಗಾಳಿಯಲ್ಲಿರುವಾಗಲೇ ಎದುರಾಳಿಗೆ ಮೈಯಾನಿಸಿ, ಅವನು ಓಡಿಬಂದು ನೆಗೆಯಲು ಬೇಕಾದ ಎರಡು ಹೆಜ್ಜೆ ಜಾಗವನ್ನೇ ಕಿತ್ತುಕೊಳ್ಳುತ್ತಾರೆ. ಚೆಂಡು ನೆಲದಲ್ಲಿ ಬಂದರೆ, ಸ್ಟ್ರೈಕರ್ ಅದನ್ನು ತಡೆದು ತಿರುಗುವ ಮೊದಲೇ ಇವರ ಕಾಲು ಮುಂದಿರುತ್ತದೆ. ಕ್ಷಣ ತಡವಾದರೆ ಫೌಲ್, ಕಾರ್ಡ್. ಅವೇನೂ ಇವರಿಗೆ ಕಡಿಮೆ ಸಿಕ್ಕಿಲ್ಲ ಬಿಡಿ!

ಕೋಚ್ ಸಂಪಾವೊಲಿಯ ಚಿಲಿ ಎದುರಾಳಿಯ ಅಂಗಳದಲ್ಲೇ ಪ್ರೆಸ್ ಮಾಡುತ್ತಿತ್ತು, ಅಂದರೆ ಚೆಂಡು ಕಿತ್ತುಕೊಳ್ಳಲು ಅಲ್ಲೇ ಮುಗಿಬೀಳುತ್ತಿತ್ತು, ಡಿಫೆನ್ಸ್ ಸಾಲು ಮಧ್ಯಗೆರೆಯ ಹತ್ತಿರಕ್ಕೆ ಏರುತ್ತಿತ್ತು. ಮುಂದಿನವರ ಪ್ರೆಸ್ ಒಮ್ಮೆ ತಪ್ಪಿತೋ, ಹಿಂದೆ ಬರೀ ಬಯಲು. ಅಲ್ಲಿ ಎತ್ತರ ಕಟ್ಟಿಕೊಂಡು ಏನು ಮಾಡುವುದು? ತಟ್ಟನೆ ತಿರುಗಿ ಓಡುವವನು ಬೇಕು. ಕೆಲವೊಮ್ಮೆ ಅವನೇ ಎಡವುತ್ತಾನೆ. 2015ರ ಸೆಮಿಫೈನಲ್‌ನಲ್ಲಿ ಪೆರುಗೆ ಗೋಲು ಬಂದದ್ದು ಮೆಡೆಲ್ ಕಾಲಿನಿಂದಲೇ. 2016ರ ಫೈನಲ್‌ನಲ್ಲಿ ಇವರ ತಪ್ಪಿನಿಂದ ಅರ್ಜೆಂಟೀನಾದ ಹಿಗ್ವೇನ್‌ಗೆ ಚೆಂಡು ಸಿಕ್ಕಿತು. ಅವನು ಹೊರಗೆ ಹೊಡೆದದ್ದು ಪುಣ್ಯ. ಆದರೂ ಆ ಎರಡು ಫೈನಲ್‌ಗಳ, ಹೆಚ್ಚುವರಿ ಆಟವೂ ಸೇರಿದ, 240 ನಿಮಿಷದಲ್ಲಿ ಮೆಸ್ಸಿಯ ಅರ್ಜೆಂಟೀನಾಗೆ ಒಂದು ಗೋಲೂ ದಕ್ಕಲಿಲ್ಲ.

ಆದರೆ ಋಣ ಇರುವುದು ಕಪ್‌ಗಲ್ಲ, 2014ರ ಜೂನ್ 28ಕ್ಕೆ. ವಿಶ್ವಕಪ್, ಬೆಲೊ ಹೊರಿಜಾಂಟೆ, ಬ್ರೆಜಿಲ್ ಎದುರು ನಾಕೌಟ್. ತೊಡೆಯ ಸ್ನಾಯು ಮೊದಲೇ ಕೈಕೊಟ್ಟಿತ್ತು. ಓಡುವುದಕ್ಕೂ ಗಕ್ಕನೆ ನಿಲ್ಲುವುದಕ್ಕೂ ಅದೇ ಸ್ನಾಯು ಬೇಕು, ಡಿಫೆಂಡರ್‌ಗೆ ಅದೆರಡು ಬಿಟ್ಟರೆ ಇನ್ನೇನು ಕೆಲಸ? ತೊಡೆಗೆ ದಪ್ಪ ಪಟ್ಟಿ ಬಿಗಿದುಕೊಂಡು ಇಳಿದರು. ತೊಂಬತ್ತು ನಿಮಿಷ ಮುಗಿಯಿತು, ಹೆಚ್ಚುವರಿ ಆಟ ಶುರುವಾಯಿತು, ಆಗಲೂ ಅಂಗಳದಲ್ಲಿದ್ದರು. 108ನೇ ನಿಮಿಷದಲ್ಲಿ ಸ್ಟ್ರೆಚರ್ ಬಂತು. ಅಷ್ಟು ಒರಟ ಮನುಷ್ಯ ಅದರ ಮೇಲೆ ಮಲಗಿ ಮಗುವಿನಂತೆ ಅತ್ತರು. ಸಾಕಪ್ಪಾ, ಇನ್ನು ಏಳಬೇಡ ಅನ್ನಿಸಿತು. ಯಾವ ಆಟಕ್ಕೂ ಮೈಯನ್ನು ಅಷ್ಟು ಸುಡಬಾರದು.

ಪಿನಿಯಾ ಹೊಡೆತ ಕ್ರಾಸ್‌ಬಾರ್‌ಗೆ, ಹಾರಾ ಪೆನಾಲ್ಟಿ ಕಂಬಕ್ಕೆ ಬಡಿದು ಚಿಲಿ ಸೋತದ್ದು ಎಲ್ಲರಿಗೂ ಗೊತ್ತು, ಮತ್ತೆ ಹೇಳುವುದು ಬೇಡ.

ಕಾರ್ಡಿಫ್, ಇಂಟರ್, ಬೆಸಿಕ್ತಾಸ್, ಬೊಲೊನ್ಯಾ, ಬೋಕಾ, ಹೀಗೆ ಕ್ಲಬ್ಬೂ ಊರೂ ಬದಲಾಗುತ್ತಲೇ ಇದ್ದವು. ಚಿಲಿ ಕರೆದಾಗ ಬಂದು ನಿಲ್ಲುವುದು ಮಾತ್ರ ಬದಲಾಗಲಿಲ್ಲ. ಅದಕ್ಕೆ ಥ್ಯಾಂಕ್ಸ್, ಗ್ಯಾರಿ. ಅಂದು ಆ ಪಟ್ಟಿ ಕಟ್ಟಿದ ಕೈಗಳಿಗೂ, ಸ್ಟ್ರೆಚರ್ ಹೋದ ಮೇಲೆ ಬದಲಿಯಾಗಿ ಇಳಿದು ಉಳಿದ ನಿಮಿಷಗಳನ್ನು ಕಾದ ಹೋಸೆ ರೋಹಾಸ್‌ಗೂ ಒಂದೊಂದು.