ಸಾಕವ್ವನಿಂದ ಪುಟ್ಟಕ್ಕನವರೆಗೆ

2021ರ ಡಿಸೆಂಬರ್‌ನಲ್ಲಿ ಜೀ ಕನ್ನಡದಲ್ಲಿ ‘ಪುಟ್ಟಕ್ಕನ ಮಕ್ಕಳು’ ಶುರುವಾದ ಮೇಲೆ ಹೊರನಾಡಿನ ಮಕ್ಕಳಿಗೂ ಉಮಾಶ್ರೀ ಎಂದರೆ ಮೆಸ್ ನಡೆಸಿ ಮೂವರು ಹೆಣ್ಣುಮಕ್ಕಳನ್ನು ಬೆಳೆಸಿದ ಪುಟ್ಟಕ್ಕ. ಆ ಮಕ್ಕಳ ಅಪ್ಪ-ಅಮ್ಮಂದಿರ ನೆನಪಿನಲ್ಲಿರುವುದು ಸಿನಿಮಾಗಳಲ್ಲಿ ಹಾಸ್ಯನಟ ಎನ್.ಎಸ್. ರಾವ್ ಜತೆ ನಗಿಸುತ್ತಿದ್ದ ಉಮಾಶ್ರೀ. ಇಬ್ಬರೂ ನೋಡದೇ ಹೋಗಿರಬಹುದಾದದ್ದು ರಂಗದ ಮೇಲಿನ ಸಾಕವ್ವನನ್ನು.

ದೇವನೂರ ಮಹಾದೇವರ ‘ಒಡಲಾಳ’ ಕಿರುಕಾದಂಬರಿಯನ್ನು ನಿರ್ದೇಶಕ ಸಿಜಿಕೆ ರಂಗಕ್ಕೆ ತಂದಾಗ, ಕಳೆದುಹೋದ ಹುಂಜಕ್ಕಾಗಿ ಕೇರಿಯೆಲ್ಲ ಜಾಲಾಡುವ ಮುದುಕಿ ಸಾಕವ್ವನ ಪಾತ್ರ ಇನ್ನೂ ಚಿಕ್ಕ ವಯಸ್ಸಿನ ಉಮಾಶ್ರೀ ಪಾಲಿಗೆ ಬಂತು. ಮುಪ್ಪು ಎಂದ ಕೂಡಲೇ ಹವ್ಯಾಸಿಗಳು ಬೆನ್ನು ಬಗ್ಗಿಸಿ ದನಿ ನಡುಗಿಸುತ್ತಾರೆ; ಹತ್ತು ನಿಮಿಷಕ್ಕೆ ಗಂಟಲು ಸೋತು ಮಾತು ಕೇಳಿಸದಾಗುತ್ತದೆ. ಪಾತ್ರ ಉಳಿಯುವುದು ಉಸಿರಿನ ಲೆಕ್ಕದಿಂದ: ಮಾತನ್ನು ಎಲ್ಲಿ ತುಂಡರಿಸಬೇಕು, ಬೈಗುಳದ ಯಾವ ಪದಕ್ಕೆ ಒತ್ತು ಬೀಳಬೇಕು ಎಂಬುದರಿಂದ.

ಅದೇ ಲೆಕ್ಕವೇ ಹಾಸ್ಯದಲ್ಲೂ ಅವರ ಕೈಹಿಡಿಯಿತು. ರಂಗದಲ್ಲಿ ನಗೆ ಏರಿ ಇಳಿಯುವವರೆಗೆ ಕಾಯಬಹುದು. ಸೆಟ್ಟಿನಲ್ಲಿ ನಗುವವರಿಲ್ಲ, ಕ್ಯಾಮೆರಾ ಹೆಚ್ಚಾಗಿ ನಾಯಕನ ಮೇಲಿರುತ್ತದೆ, ಪೋಷಕ ನಟಿಗೆ ಸಿಗುವುದು ಎರಡು ಮೂರು ಸೆಕೆಂಡಿನ ಪ್ರತಿಕ್ರಿಯೆ. ಎದುರಿನ ಮಾತು ಮುಗಿಯುವ ಮುನ್ನವೇ ಮುಖ ಬದಲಾದರೆ ಸಂಕಲನಕಾರನಿಗೆ ಕತ್ತರಿಸಲು ಜಾಗವಿಲ್ಲ. ತಡವಾದರೆ ಆ ತುಣುಕೇ ಹೋಯಿತು. ಚಿತ್ರರಂಗ ಬಹುಕಾಲ ಅವರನ್ನು ದ್ವಂದ್ವಾರ್ಥದ ಸಂಭಾಷಣೆಗೇ ಕಟ್ಟಿಹಾಕಿದ್ದು ನಮ್ಮ ನಷ್ಟ. ಆ ಚಿತ್ರಗಳಲ್ಲೂ ಸಮಯಪ್ರಜ್ಞೆ ಎಲ್ಲೂ ತಪ್ಪಿಲ್ಲ.

ಗಿರೀಶ ಕಾಸರವಳ್ಳಿ ‘ಗುಲಾಬಿ ಟಾಕೀಸ್’ನಲ್ಲಿ ಅವರನ್ನು ಕಥೆಯ ನಡುವೆ ನಿಲ್ಲಿಸಿದರು. ಕುಂದಾಪುರ ಕಡೆಯ ಮೀನುಗಾರರ ನಡುವಿನ ಸೂಲಗಿತ್ತಿ, ಮುಸ್ಲಿಂ ಹೆಂಗಸು, ಸಿನಿಮಾ ಹುಚ್ಚು. ತುಮಕೂರು ಜಿಲ್ಲೆಯ ನೊಣವಿನಕೆರೆಯವರಿಗೆ ಕುಂದಗನ್ನಡ ಹೊರಗಿನ ನುಡಿ. ಪ್ರಾದೇಶಿಕ ಮಾತು ಕಲಿಯುವವರು ಎಡವುವುದು ಪದಗಳಲ್ಲಲ್ಲ, ರಾಗದಲ್ಲಿ: ಪದ ಕುಂದಾಪುರದ್ದು, ವಾಕ್ಯದ ಕೊನೆಯ ಏರಿಳಿತ ಬೆಂಗಳೂರಿನದ್ದು. ಟಿವಿ ಮುಂದೆ ಕೂತ ಗುಲಾಬಿಯ ಮೌನದ ದೃಶ್ಯಗಳನ್ನಂತೂ ಬಿಡಿಬಿಡಿಯಾಗಿ ನೋಡಬೇಕು, ಕಣ್ಣಷ್ಟೇ ಕೆಲಸ ಮಾಡುತ್ತದೆ. 2007ರ ಸಾಲಿನ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಇದಕ್ಕೇ ಬಂತು.

2013ರಲ್ಲಿ ತೇರದಾಳದಿಂದ ವಿಧಾನಸಭೆಗೆ ಗೆದ್ದು ಮಂತ್ರಿಯಾದರು. ಆಮೇಲೆ ಕಿರುತೆರೆಯ ದಿನವಹಿ ದುಡಿಮೆ. ಧಾರಾವಾಹಿಯ ಸೆಟ್ಟಿನಲ್ಲಿ ಸಹಾಯಕ ನಿರ್ದೇಶಕರು ಸಂಭಾಷಣೆ ಪ್ರಾಂಪ್ಟ್ ಮಾಡುವುದು ವಾಡಿಕೆ. ಹೇಳಿಕೊಟ್ಟ ಲಯದಲ್ಲೇ ಒಪ್ಪಿಸಿದರೆ ಎಲ್ಲ ಪಾತ್ರಗಳೂ ಒಂದೇ ದನಿಯಾಗುತ್ತವೆ. ಪುಟ್ಟಕ್ಕನ ಮಾತು ಹಾಗಾಗದಿರುವುದು ರಂಗಭೂಮಿಯ ಸಾಲ.

ರಾಜ್ಯೋತ್ಸವದ ನಾಟಕಕ್ಕೆ ತಯಾರಾಗುವ ನಮ್ಮ ಸಂಘದ ಸದಸ್ಯರಲ್ಲಿ ಒಂದು ಕೋರಿಕೆ. ಅತ್ತೆ, ಪಕ್ಕದ ಮನೆಯಾಕೆ, ಕೆಲಸದವಳು ಇಂಥ ಪಾತ್ರಗಳನ್ನು ಕೊನೆಯ ವಾರ ಬಂದವರಿಗೆ ಕೊಡಬೇಡಿ. ಮೊದಲ ಓದಿನಿಂದಲೇ ಅವರನ್ನು ಕೂರಿಸಿ. ಪ್ರತಿಯ ಅಂಚಿನಲ್ಲಿ ತಮ್ಮ ಮಾತಿಲ್ಲದ ಕಡೆಯೂ ಏನು ಕೇಳುತ್ತಿದ್ದೇನೆ, ಕೈಯಲ್ಲಿ ಏನು ಕೆಲಸವಿದೆ ಎಂದು ಬರೆಸಿ. ಒಂದು ತಾಲೀಮನ್ನು ಪೂರ್ತಿ ಅವರ ಪ್ರತಿಕ್ರಿಯೆಗಳಿಗೇ ಮೀಸಲಿಡಿ, ನಾಯಕ-ನಾಯಕಿಯ ಮಾತು ಸುಮ್ಮನೆ ಓದಿದರೆ ಸಾಕು.